ಬಳೆ ತೆಗೆದಿಟ್ಟು ಕುಡಿದ ಚಹಾ

ಜಪಾನಿನ ಹಸಿರು ಪುಡಿ ಚಹಾ, ಮಾಚ್ಚಾದ ಬಟ್ಟಲನ್ನು ಎರಡೂ ಕೈಯಿಂದ ಎತ್ತಿಕೊಂಡಾಗ ನನ್ನ ಗಾಜಿನ ಬಳೆ ಅದರ ಅಂಚಿಗೆ ತಾಗಿ ಠಣ್ ಎಂದಿತು. ದೊಡ್ಡ ಸದ್ದೇನೂ ಅಲ್ಲ. ಆದರೆ ಕಬ್ಬಿಣದ ಪಾತ್ರೆಯಲ್ಲಿ ನೀರು ಸಣ್ಣಗೆ ಮರಳುವ ದನಿ ಬಿಟ್ಟರೆ ಆ ಕೋಣೆಯಲ್ಲಿ ಬೇರೇನೂ ಕೇಳಿಸುತ್ತಿರಲಿಲ್ಲ. ಚಹಾ ಮಾಡುತ್ತಿದ್ದ ಹೆಂಗಸು ತಲೆ ಎತ್ತಿ ನೋಡಲಿಲ್ಲ. ನೋಡಿದ್ದರೆ ಇಷ್ಟು ನಾಚಿಕೆಯಾಗುತ್ತಿರಲಿಲ್ಲವೇನೋ.

ಇದು ನಡೆದದ್ದು ಉಜಿಯಲ್ಲಿ, ಅಕ್ಟೋಬರ್ ಕೊನೆಯ ವಾರ. ನಾನು ಸಾಗರದವಳು, ಶಾಲೆಯಲ್ಲಿ ಪಾಠ ಹೇಳಿ ನಿವೃತ್ತಳಾದವಳು. ಮಗಳು ಒಸಾಕಾದಲ್ಲಿ ಕೆಲಸದಲ್ಲಿದ್ದಾಳೆ. ಅವಳ ಮನೆಯಲ್ಲಿ ಆರು ವಾರ ಇದ್ದು ಬರಲು ಹೋಗಿದ್ದೆ. ಜಪಾನಿಗೆ ಹೋದ ಮೇಲೆ ಚಹಾ ವಿಧಿಯನ್ನು ನೋಡದೆ ಬರುವುದೇ ಎಂದು ಅವಳೇ ಹೊರಡಿಸಿದಳು. ನಾನು ಕಾಫಿಯವಳು ಎಂದರೆ ಕೇಳಲಿಲ್ಲ.

ಕ್ಯೋಟೊದಿಂದ ನಾರಾ ಕಡೆಗೆ ಹೋಗುವ ರೈಲಿನಲ್ಲಿ ಉಜಿ ಅರ್ಧ ಗಂಟೆಯೊಳಗಿನ ದಾರಿ. ಹತ್ತು ಯೆನ್ ನಾಣ್ಯದ ಮೇಲಿರುವ ಬ್ಯೋದೋಇನ್ ದೇವಾಲಯ ಅಲ್ಲೇ ಇದೆ. ಅದರ ಫೀನಿಕ್ಸ್ ಮಂಟಪ ಕಟ್ಟಿದ್ದು 1053ರಲ್ಲಿ. ದೇವಾಲಯಕ್ಕೆ ಹೋಗುವ ಬೀದಿಯ ತುಂಬ ಚಹಾ ಅಂಗಡಿಗಳು. ಎಲೆ ಹುರಿಯುವ ವಾಸನೆ ನಮ್ಮಲ್ಲಿ ಕಾಫಿಬೀಜ ಹುರಿಯುವ ಅಂಗಡಿಯ ಮುಂದೆ ನಿಂತಂತೆಯೇ ಮೂಗಿಗೆ ಅಡರುತ್ತದೆ. ನದಿಯ ದಂಡೆಯಲ್ಲಿ ಉಜಿ ನಗರಾಡಳಿತವೇ ನಡೆಸುವ ತಾಯ್‌ಹೋಆನ್ ಎಂಬ ಚಹಾ ಮನೆಯಿದೆ. ಮೊದಲ ಸಲದವರಿಗೆ ಅದು ಹೇಳಿ ಮಾಡಿಸಿದ ಜಾಗ. ಟಿಕೆಟ್ ಕೊಂಡು ಚಪ್ಪಲಿ ಬಿಟ್ಟು ಒಳಗೆ ಕುಳಿತರೆ ಆಯಿತು. ಒಂದು ಸಿಹಿ, ಒಂದು ಬಟ್ಟಲು ತೆಳು ಚಹಾ. ಇದಕ್ಕೆ ಉಸುಚಾ ಎನ್ನುತ್ತಾರೆ.

ಅಲ್ಲಿ ನಾನು ಮಾಡಿದ ತಪ್ಪು ಬಳೆಯದೊಂದೇ ಅಲ್ಲ. ಸಿಹಿ ಮೊದಲು ಬಂತು. ಚಹಾ ಬರಲಿ, ಜೊತೆಯಲ್ಲಿ ತಿನ್ನೋಣ ಎಂದು ಅರ್ಧ ಉಳಿಸಿಕೊಂಡೆ. ನಮ್ಮಲ್ಲಿ ಕಾಫಿಯ ಜೊತೆ ಚಕ್ಕುಲಿ ಕಡಿಯುವ ಹಾಗೆ. ಅಲ್ಲಿ ಹಾಗಲ್ಲ. ಸಿಹಿಯನ್ನು ಪೂರ್ತಿ ತಿಂದು ಮುಗಿಸಿ, ಆ ಸಿಹಿ ಇನ್ನೂ ನಾಲಿಗೆಯ ಮೇಲಿರುವಾಗ ಕಹಿಯನ್ನು ಕುಡಿಯಬೇಕು. ಬಟ್ಟಲನ್ನು ತಿರುಗಿಸದೆಯೇ ಕುಡಿದೆ. ಮುಗಿಯಿತು ಎಂದು ಹೇಳಲು ಅತ್ತಿತ್ತ ನೋಡಿದೆ. ಒಟ್ಟಿನಲ್ಲಿ ನಾಟಕ ನೋಡಲು ಬಂದವಳ ಹಾಗೆ ಕುಳಿತಿದ್ದೆ. ಪಕ್ಕದಲ್ಲಿದ್ದ ಜಪಾನಿ ದಂಪತಿಯನ್ನು ಗಮನಿಸಿದಾಗ ಒಂದು ವಿಷಯ ಹೊಳೆಯಿತು: ಅವರ ಕೈಗೆ ಬಿಡುವೇ ಇರಲಿಲ್ಲ. ಪಕ್ಕದವರಿಗೆ ಬಾಗುವುದು, ಚಹಾ ಮಾಡಿದವರಿಗೆ ಬಾಗುವುದು, ಬಟ್ಟಲು ತಿರುಗಿಸುವುದು, ಕುಡಿದ ಅಂಚನ್ನು ಒರೆಸುವುದು, ಮತ್ತೆ ಬಟ್ಟಲನ್ನು ಬಗ್ಗಿ ನೋಡುವುದು. ನಮ್ಮಲ್ಲಿ ಅತಿಥಿಯೆಂದರೆ ‘ನೀವು ಕುಳಿತುಕೊಳ್ಳಿ, ಏನೂ ಮಾಡಬೇಡಿ’ ಎನ್ನಿಸಿಕೊಳ್ಳುವವನು. ಅಲ್ಲಿ ಅತಿಥಿಗೆ ಕೈತುಂಬ ಕೆಲಸ.

ಇದನ್ನು ಮಗಳ ಕಚೇರಿಯ ಗೆಳತಿಗೆ ಹೇಳಿದಾಗ ಆಕೆ ನಕ್ಕಳು. ಹತ್ತು ವರ್ಷದಿಂದ ಚಹಾ ಕಲಿಯುತ್ತಿರುವವಳು. ನವೆಂಬರಿನಲ್ಲಿ ತನ್ನ ಸೆನ್ಸೇಯ, ಅಂದರೆ ಗುರುಗಳ ಮನೆಯಲ್ಲಿ ಸಣ್ಣ ಕೂಟವೊಂದಿದೆ, ಕೇಳಿ ನೋಡುತ್ತೇನೆ ಎಂದಳು. ಎರಡು ದಿನದ ಮೇಲೆ ಒಪ್ಪಿಗೆ ಬಂತು. ಅಂಥ ಮನೆಗೆ ಹಣ ಕೊಟ್ಟು ಟಿಕೆಟ್ ಪಡೆಯಲಾಗದು, ಯಾರಾದರೂ ಕರೆದೊಯ್ಯಬೇಕು. ನನ್ನದು ಅದೃಷ್ಟ.

ಆ ಹತ್ತು ದಿನ ನಾನು ಮಾಡಿಕೊಂಡ ತಯಾರಿಯಲ್ಲಿ ಹೆಚ್ಚಿನ ಪಾಲು ಮಂಡಿಯದು. ಅವರು ಸೇಯ್ಜಾ ಎನ್ನುವುದು ನಮ್ಮ ವಜ್ರಾಸನವೇ. ಚಕ್ಕಳಮಕ್ಕಳ ಹಾಕಿ ಎಷ್ಟು ಹೊತ್ತು ಬೇಕಾದರೂ ಕೂರಬಲ್ಲೆ, ಇದು ಬೇರೆಯೇ ಸಂಗತಿ. ಮೊದಲ ದಿನ ಏಳು ನಿಮಿಷಕ್ಕೆ ಪಾದ ಜೋಮು ಹಿಡಿಯಿತು. ಊಟವಾದ ಮೇಲೆ ದಿನವೂ ಕುಳಿತು ಇಪ್ಪತ್ತು ನಿಮಿಷದವರೆಗೆ ತಂದೆ. ಎರಡು ಹೆಬ್ಬೆರಳನ್ನು ಒಂದರ ಮೇಲೊಂದು ಇಟ್ಟು ಆಗಾಗ ಅದಲು ಬದಲು ಮಾಡುವುದು, ಏಳುವ ಮೊದಲು ಕಾಲ್ಬೆರಳನ್ನು ನೆಲಕ್ಕೆ ಊರಿ ಅರೆಗಳಿಗೆ ಹಿಮ್ಮಡಿಯ ಮೇಲೆ ಕೂರುವುದು ಗೆಳತಿ ಕಲಿಸಿದ ಉಪಾಯಗಳು. ಆಗದಿದ್ದರೆ ಪುಟ್ಟ ಮಡಿಚುವ ಮಣೆ ಸಿಗುತ್ತದೆ, ಪಾದಗಳ ನಡುವೆ ಇಟ್ಟು ಮೇಲೆ ಕುಳಿತರೆ ಬಟ್ಟೆಯಡಿ ಕಾಣಿಸುವುದಿಲ್ಲ. ಸೀರೆಯವರಿಗೆ ಅದು ಇನ್ನೂ ಅನುಕೂಲ. ನಾನು ನಾಚದೆ ಕೊಂಡೆ. ಕುರ್ಚಿ ಮೇಜಿನ ಚಹಾ ವಿಧಿಯೂ ಇದೆ. 1872ರ ಕ್ಯೋಟೊ ವಸ್ತುಪ್ರದರ್ಶನಕ್ಕೆ ವಿದೇಶಿಯರು ಬರುತ್ತಾರೆಂದು ಉರಾಸೆಂಕೆ ಎಂಬ ಚಹಾ ಪರಂಪರೆಯ ಹನ್ನೊಂದನೆಯ ಗುರುಗಳು ಅದನ್ನು ರೂಪಿಸಿದರು. ಮಂಡಿನೋವಿನವರು ಅದನ್ನೇ ಹುಡುಕಿಕೊಳ್ಳಬಹುದು.

ಗೆಳತಿ ಒಂದು ಸಂಜೆ ನಮ್ಮ ಅಡುಗೆಮನೆಯ ಬಟ್ಟಲನ್ನೇ ಇಟ್ಟು ತಾಲೀಮು ಮಾಡಿಸಿದಳು. ಬಟ್ಟಲು ಮುಂದೆ ಬಂದಾಗ ಮೊದಲು ಪಕ್ಕದವರಿಗೆ ‘ಒಸಾಕಿ ನಿ’ ಎನ್ನಬೇಕು, ಅಂದರೆ ನಿಮಗಿಂತ ಮೊದಲು ತೆಗೆದುಕೊಳ್ಳುತ್ತಿದ್ದೇನೆ ಎಂದು. ಆಮೇಲೆ ಮಾಡಿಕೊಟ್ಟವರಿಗೆ ‘ಒತೆಮಾಎ ಚೋದಾಯ್ ಇತಾಶಿಮಸು’, ಅಂದರೆ ನೀವು ಮಾಡಿದ ಚಹಾವನ್ನು ಸ್ವೀಕರಿಸುತ್ತೇನೆ ಎಂದು. ಬಟ್ಟಲನ್ನು ಎಡ ಅಂಗೈಯಲ್ಲಿಟ್ಟು ಬಲಗೈಯಿಂದ ಪ್ರದಕ್ಷಿಣೆಯ ದಿಕ್ಕಿಗೆ ಎರಡು ಸಲ ತಿರುಗಿಸುವುದು. ಅದರ ಚೆಂದದ ಮುಖವನ್ನು ನಮ್ಮ ಕಡೆಗೆ ಇಟ್ಟಿರುತ್ತಾರೆ, ಆ ಮುಖಕ್ಕೆ ಬಾಯಿ ಹಚ್ಚಬಾರದು. ಕೊನೆಯ ಗುಟುಕನ್ನು ಸೊರ್ ಎಂದು ಸದ್ದು ಮಾಡಿ ಹೀರಬೇಕು. ಐವತ್ತು ವರ್ಷದ ಹಿಂದೆ ಅಮ್ಮ ಬೈದು ಬಿಡಿಸಿದ ಅಭ್ಯಾಸ ಜಪಾನಿನಲ್ಲಿ ಕೆಲಸಕ್ಕೆ ಬಂತು.

ಬಳೆ, ಉಂಗುರ, ಗಡಿಯಾರ ಎಲ್ಲ ತೆಗೆದಿಡಬೇಕು. ಬಟ್ಟಲು ಮುನ್ನೂರು ವರ್ಷದ್ದೂ ಆಗಿರಬಹುದು, ಗೀರಿದರೆ ತಿದ್ದುವ ದಾರಿಯಿಲ್ಲ. ಉದ್ದನೆಯ ಸರ ರವಿಕೆಯೊಳಗೆ. ಅತ್ತರು, ಸೆಂಟು ಬೇಡ, ಧೂಪದ ವಾಸನೆ ಕೆಡುತ್ತದೆ. ನಾನು ಹಿಂದಿನ ರಾತ್ರಿಯೇ ತಲೆಗೆ ಸೀಗೆಪುಡಿ ಹಾಕಿ ಕೊಬ್ಬರಿ ಎಣ್ಣೆಯ ವಾಸನೆ ಹೋಗುವಂತೆ ತೊಳೆದುಕೊಂಡೆ. ತೊಳೆದ ಬಿಳಿ ಕಾಲ್ಚೀಲವನ್ನು ಚೀಲದಲ್ಲಿಟ್ಟು ಬಾಗಿಲಲ್ಲಿ ಬದಲಾಯಿಸಬೇಕು. ಬರಿ ಕೈಯಲ್ಲಿ ಕುಳಿತಾಗ ಯಾಕೋ ಶ್ರಾದ್ಧದ ಮನೆಗೆ ಹೊರಟಂತೆ ಕಸಿವಿಸಿಯಾಯಿತು ಎಂಬುದನ್ನೂ ಹೇಳಿಬಿಡುತ್ತೇನೆ.

ಕೂಟಕ್ಕೆ ಹೊರಟ ದಿನ ನಾವು ಹತ್ತಿದ ಒಸಾಕಾ–ಕ್ಯೋಟೊ ರೈಲು ಯಾಮಾಜಾಕಿ ಎಂಬ ಸಣ್ಣ ನಿಲ್ದಾಣವನ್ನು ಹಾದುಹೋಯಿತು. ಅಲ್ಲಿನ ಮ್ಯೋಕಿಆನ್ ದೇವಾಲಯದಲ್ಲಿ ತಾಯ್‌ಆನ್ ಎಂಬ ಚಹಾ ಕೋಣೆಯಿದೆ. ಎರಡೇ ಚಾಪೆಯ ಅಗಲ. ಈ ವಿಧಿಗೆ ಇಂದಿನ ರೂಪ ಕೊಟ್ಟ ಸೆನ್ ನೊ ರಿಕ್ಯು ಕಟ್ಟಿಸಿದ್ದು ಎನ್ನುತ್ತಾರೆ, ಈಗ ರಾಷ್ಟ್ರೀಯ ಸಂಪತ್ತು. 1522ರಲ್ಲಿ ಸಾಕಾಯ್‌ನ ವರ್ತಕರ ಮನೆಯಲ್ಲಿ ಹುಟ್ಟಿದ ಆತ ಆಗ ಜಪಾನನ್ನು ಆಳುತ್ತಿದ್ದ ಹಿದೆಯೋಶಿಗೆ ಚಹಾ ಗುರುವಾದ. 1591ರಲ್ಲಿ ಅದೇ ಹಿದೆಯೋಶಿಯ ಆಜ್ಞೆಯಂತೆ ಹೊಟ್ಟೆ ಸೀಳಿಕೊಂಡು ಸಾಯಬೇಕಾಯಿತು. ಕೋಣೆಯನ್ನು ನೋಡಲು ಮುಂಚಿತವಾಗಿ ಬರೆದು ಅನುಮತಿ ಪಡೆಯಬೇಕು. ನಾವು ಬರೆದಿರಲಿಲ್ಲ, ಹಾಗಾಗಿ ಕಿಟಕಿಯಿಂದ ನಿಲ್ದಾಣದ ಹೆಸರನ್ನಷ್ಟೇ ಓದಿದೆ.

ಸೆನ್ಸೇಗೆ ಎಂಬತ್ತರ ಹತ್ತಿರದ ವಯಸ್ಸು. ಮನೆಯ ಹಿಂದೆ ಪುಟ್ಟ ಅಂಗಳ, ಒದ್ದೆ ಮಾಡಿದ ಕಲ್ಲುಗಳು, ತಗ್ಗಿನಲ್ಲಿ ಕಲ್ಲಿನ ಮರಿಗೆ. ಬಾಗಿ ಕೈ ತೊಳೆದು ಬಾಯಿ ಮುಕ್ಕಳಿಸಿ ಹೋಗಬೇಕು. ಅದರಾಚೆ ನಿಜಿರಿಗುಚಿ, ಅಂದರೆ ತೆವಳಿ ಒಳಹೋಗುವ ಬಾಗಿಲು. ಎತ್ತರ 66 ಸೆಂಟಿಮೀಟರ್ ಆಸುಪಾಸು. ಸಾಮುರಾಯಿಗಳು ಕತ್ತಿಯನ್ನು ಹೊರಗೇ ಇಟ್ಟು ನುಸುಳುತ್ತಿದ್ದರಂತೆ. ನಮ್ಮ ಕಡೆಯ ಹಳೆಯ ಮನೆಗಳ ದೇವರ ಕೋಣೆಯಲ್ಲೂ ಬಾಗಿಲು ತಗ್ಗು, ತಲೆ ಬಾಗಿಸದೆ ಹೋದರೆ ಹಣೆಗೆ ಏಟು. ಆದರೆ ಇಲ್ಲಿ ತಲೆ ಬಾಗಿಸಿದರೆ ಸಾಲದು. ಮುಷ್ಟಿಯನ್ನು ಚಾಪೆಗೆ ಊರಿ, ಮೊದಲು ತಲೆ ತೂರಿಸಿ, ಮಂಡಿಯನ್ನು ಎಳೆದುಕೊಳ್ಳಬೇಕು. ಸೀರೆಯ ನೆರಿಗೆಯನ್ನು ಒಂದು ಕೈಯಲ್ಲಿ ಹಿಡಿದು ಇನ್ನೊಂದು ಕೈಯ ಬಲದಲ್ಲಿ ನಾನು ಒಳಗೆ ಸೇರಿದ ರೀತಿಯನ್ನು ಮಗಳು ನೋಡಬಾರದಿತ್ತು. ಒಳಗಿನಿಂದ ತಿರುಗಿ ನಮ್ಮ ಚಪ್ಪಲಿಯನ್ನು ನಾವೇ ಗೋಡೆಗೆ ಒರಗಿಸಿಡಬೇಕು. ಕೊನೆಯ ಅತಿಥಿ ಬಾಗಿಲನ್ನು ಸಣ್ಣ ಸದ್ದಾಗುವಂತೆ ಮುಚ್ಚುತ್ತಾಳೆ. ಎಲ್ಲರೂ ಒಳಗೆ ಬಂದರು ಎಂದು ಒಳಮನೆಯಲ್ಲಿರುವವರಿಗೆ ಅದೇ ಸೂಚನೆ, ಯಾರೂ ಕೂಗಿ ಹೇಳುವುದಿಲ್ಲ.

ನಾವು ಐವರು. ಗೆಳತಿ ನನ್ನನ್ನು ನಾಲ್ಕನೆಯವಳಾಗಿ ಕೂರಿಸಿದಳು. ಮೊದಲನೆಯವರು ಎಲ್ಲರ ಪರವಾಗಿ ಮಾತಾಡಬೇಕು, ಕೊನೆಯವರು ಎಲ್ಲವನ್ನೂ ಹಿಂದಿರುಗಿಸಬೇಕು. ಹೊಸಬರಿಗೆ ನಡುವೆಯೇ ಸುಖ.

ಅಕ್ಟೋಬರಿನಲ್ಲಿ ಚಾಪೆಯ ಮೇಲೆ ಇಟ್ಟಿದ್ದ ಒಲೆ ಈಗ ಇರಲಿಲ್ಲ. ನವೆಂಬರಿನಲ್ಲಿ ನೆಲದೊಳಗಿನ ಚೌಕ ಒಲೆ ತೆರೆಯುತ್ತಾರೆ. ವಸಂತದಲ್ಲಿ ಕೊಯ್ದು ಜಾಡಿಯಲ್ಲಿ ಮುದ್ರೆ ಹಾಕಿಟ್ಟ ಎಲೆಯನ್ನೂ ಆಗಲೇ ಒಡೆಯುವುದು. ಚಹಾದವರ ಯುಗಾದಿ ಎನ್ನಿ. ಗಿಡಕ್ಕೆ ಇಪ್ಪತ್ತು ದಿನಕ್ಕೂ ಹೆಚ್ಚು ನೆರಳು ಹೊದಿಸಿ ಬೆಳೆಸಿದ ಎಲೆ ಅದು. ಬೀಸುವ ಕಲ್ಲಿನಲ್ಲಿ ಗಂಟೆಗೆ ಸುಮಾರು ನಲವತ್ತು ಗ್ರಾಂ ಪುಡಿಯಷ್ಟೇ ಬರುತ್ತದೆ. ಜೋರಾಗಿ ತಿರುಗಿಸಿದರೆ ಬಿಸಿಯಾಗಿ ಪರಿಮಳ ಹೋಗುತ್ತದೆ. ರಾಗಿಕಲ್ಲು ತಿರುಗಿಸಿದ ಕೈಗೆ ಈ ಮಾತು ಅರ್ಥವಾಗುತ್ತದೆ.

ಸಿಹಿ ಬಂತು. ಇನೊಕೊ ಮೊಚಿ, ಹಂದಿಮರಿಯ ಆಕಾರದ್ದು. ಹೆಸರು ಕೇಳಿ ನಾನು ಹೆದರಿದೆ. ಒಳಗಿದ್ದದ್ದು ಅಜುಕಿ ಕಾಳಿನ ಸಿಹಿ ಮುದ್ದೆ, ಹೊರಗೆ ಅಂಟಕ್ಕಿಯ ಹಿಟ್ಟು. ಬೇಯಿಸಿ ಅರೆದು ಸಕ್ಕರೆ ಹಾಕಿದ ಹೂರಣವಲ್ಲದೆ ಇನ್ನೇನು? ಏಲಕ್ಕಿಯೊಂದಿಲ್ಲ. ಸಸ್ಯಾಹಾರಿಗಳು ಚಹಾ ಕೋಣೆಯ ಸಿಹಿಗೆ ಅಷ್ಟಾಗಿ ಅಂಜಬೇಕಿಲ್ಲ, ಕೆಲವಕ್ಕೆ ಮೊಟ್ಟೆ ಬೀಳುವುದುಂಟು, ಮೊದಲೇ ಕೇಳಿಕೊಂಡರೆ ಸಾಕು.

ಆಮೇಲೆ ಕೊಯ್‌ಚಾ, ಗಟ್ಟಿ ಚಹಾ. ಇದನ್ನು ನೊರೆ ಬರುವಂತೆ ಕಡೆಯುವುದಿಲ್ಲ, ಬಿದಿರಿನ ಕುಂಚದಿಂದ ನಿಧಾನವಾಗಿ ನಾದುತ್ತಾರೆ. ದೋಸೆ ಹಿಟ್ಟಿನ ಹದ, ಒಂದೆಲಗದ ತಂಬುಳಿಗಿಂತ ಕಡು ಹಸಿರು. ಮತ್ತು ಎಲ್ಲರಿಗೂ ಸೇರಿ ಒಂದೇ ಬಟ್ಟಲು.

ಗೆಳತಿ ಮೊದಲೇ ಎಚ್ಚರಿಸಿದ್ದಳು. ಕೊರೊನಾ ಬಂದ ಮೇಲೆ ಬಹಳ ಕಡೆ ಒಬ್ಬೊಬ್ಬರಿಗೆ ಒಂದೊಂದು ಬಟ್ಟಲು ಕೊಡುತ್ತಾರೆ, ನಮ್ಮ ಸೆನ್ಸೇ ಹಳೆಯ ಪದ್ಧತಿಗೇ ಮರಳಿದ್ದಾರೆ, ಬೇಕಿದ್ದರೆ ನಿಮಗೆ ಬೇರೆ ಕೇಳುತ್ತೇನೆ ಎಂದು. ಬೇಡ ಎಂದಿದ್ದೆ. ಹೇಳುವುದು ಸುಲಭ. ನಾನು ಬೆಳೆದದ್ದು ಲೋಟವನ್ನು ತುಟಿಗೆ ಕಚ್ಚದೆ ಎತ್ತಿ ಕುಡಿಯುವ ಮನೆಯಲ್ಲಿ. ಮೂವರ ಬಾಯಿ ಮುಟ್ಟಿದ ಬಟ್ಟಲು ನನ್ನತ್ತ ಬರುವಾಗ ಮನಸ್ಸು ಒಂದು ಕ್ಷಣ ಹಿಂಜರಿಯಿತು ಎಂದರೆ ಸುಳ್ಳಾಗುತ್ತದೆ, ಹಲವು ಕ್ಷಣವೇ ಹಿಂಜರಿಯಿತು.

ಪಕ್ಕದಲ್ಲಿದ್ದಾಕೆ ಮೂರೂವರೆ ಗುಟುಕು ಕುಡಿದಳು. ಬಟ್ಟಲನ್ನು ಕೆಳಗಿಟ್ಟಳು. ಒದ್ದೆ ಕಾಗದವನ್ನು ತೆಗೆದು ತಾನು ಬಾಯಿಟ್ಟ ಜಾಗವನ್ನು ಒಳಗಿನಿಂದ ಹೊರಗೆ ಒಮ್ಮೆ, ಕಾಗದ ಮಡಿಚಿ ಇನ್ನೊಮ್ಮೆ, ಮತ್ತೆ ಮಡಿಚಿ ಮತ್ತೊಮ್ಮೆ ಒರೆಸಿದಳು. ಹಸಿರು ಕಲೆ ಕಾಗದಕ್ಕೆ ಬಂತು, ಅಂಚು ಮಿನುಗಿತು. ಎಂಜಲು ಎಂಬುದು ಇವರಿಗೆ ಗೊತ್ತಿಲ್ಲ ಎಂದುಕೊಂಡಿದ್ದೆ. ಚೆನ್ನಾಗಿಯೇ ಗೊತ್ತು. ಗೊತ್ತಿಲ್ಲದವರು ಇಷ್ಟು ಹೊತ್ತು ಒರೆಸುವುದಿಲ್ಲ. ಅವಳು ಬಟ್ಟಲನ್ನು ನನ್ನ ಅಂಗೈಗೆ ಇಳಿಸಿದಳು, ಇನ್ನೂ ಬೆಚ್ಚಗಿತ್ತು. ಕುಡಿದೆ. ಮೊದಲು ಹಸಿ ಹುಲ್ಲಿನ ಕಹಿ, ಆಮೇಲೆ ಗಂಟಲಲ್ಲಿ ಸಣ್ಣ ಸಿಹಿ. ಐದನೆಯವರಿಗೆ ಎಷ್ಟು ಉಳಿಸಬೇಕು ಎಂಬ ಲೆಕ್ಕ ಮಾತ್ರ ತಪ್ಪಿತು. ಗೆಳತಿಗೆ ತಳದ ಗಸಿ ಬಹಳವೇ ಉಳಿದಿತ್ತು, ಪಾಪ, ಮುಖ ಕಿವುಚದೆ ಮುಗಿಸಿದಳು.

ಮೊದಲ ಅತಿಥಿ ಚಹಾದ ಹೆಸರೇನು, ಯಾವ ಮನೆತನದವರು ಹದಮಾಡಿದ್ದು, ಸಿಹಿ ಎಲ್ಲಿಯದು ಎಂದು ಒಂದೊಂದಾಗಿ ಕೇಳಿದರು. ಸೆನ್ಸೇ ಒಂದೊಂದಕ್ಕೂ ಉತ್ತರಿಸಿದರು. ಬೇಕಾದ ಮಾತು ಮಾತ್ರ. ನಂತರದ ತೆಳು ಚಹಾದ ಹೊತ್ತಿಗೆ ಮೈ ಸಡಿಲವಾಗಿ ನಗು ಹರಟೆಯೂ ಬಂತು. ಎರಡು ಗಂಟೆ ಆದದ್ದು ಕಾಲಿಗೆ ಮಾತ್ರ ಗೊತ್ತಾಯಿತು. ಆ ರಾತ್ರಿ ಎರಡರವರೆಗೆ ನಿದ್ದೆ ಬರಲಿಲ್ಲ. ಸಂಜೆಯ ಕೂಟಕ್ಕೆ ಹೋಗುವವರು ಇದನ್ನು ನೆನಪಿಡಿ.

ಬರಿಗೈಯಲ್ಲಿ ಹೋಗಬಾರದೆಂದು ನಮ್ಮೂರಿನ ಗುಡಿಗಾರರು ಕೆತ್ತಿದ ಗಂಧದ ಕುಂಕುಮ ಭರಣಿಯೊಂದನ್ನು ಒಯ್ದಿದ್ದೆ, ನಿಂಬೆಹಣ್ಣಿನಷ್ಟು ಗಾತ್ರದ್ದು. ಸೆನ್ಸೇ ಮುಚ್ಚಳ ತೆಗೆದು ಮೂಗಿಗೆ ಹಿಡಿದು ‘ಬ್ಯಾಕುದಾನ್’ ಎಂದರು. ಗಂಧಕ್ಕೆ ಅವರ ಹೆಸರು. ಬೇಸಿಗೆಯ ಒಲೆಯಲ್ಲಿ ಅದರ ಚೂರನ್ನೇ ಹಾಕುತ್ತಾರಂತೆ, ಚಳಿಗಾಲಕ್ಕೆ ಕಲಸಿದ ಧೂಪ. ಧೂಪದ ಡಬ್ಬಿಯೂ ಚಳಿಗಾಲಕ್ಕೆ ಮಣ್ಣಿನದು, ಬೇಸಿಗೆಗೆ ಮರದ್ದು. ಭರಣಿಯನ್ನು ಬಟ್ಟೆಯಲ್ಲಿ ಸುತ್ತಿ ‘ಮೇ’ ಎಂದು ನನಗೆ ಅರ್ಥವಾಗಲೆಂದು ಇಂಗ್ಲಿಷಿನಲ್ಲಿ ಹೇಳಿ ಪಕ್ಕಕ್ಕಿಟ್ಟರು.

ಮೇ ಎರಡನೆಯ ವಾರ ಮಗಳ ಮೊಬೈಲಿನಿಂದ ಒಂದು ಚಿತ್ರ ಬಂತು. ಚಾಪೆಯ ಮೇಲೆ ಬೇಸಿಗೆಯ ಒಲೆ, ಅದರ ಪಕ್ಕದಲ್ಲಿ ನನ್ನ ಭರಣಿ. ಮುಚ್ಚಳ ತೆರೆದಿತ್ತು, ಒಳಗೆ ಕುಂಕುಮವಿರಬೇಕಾದಲ್ಲಿ ಮೂರು ಗಂಧದ ಚೂರು.