ಮೈಸೂರಿನಿಂದ ಪುಣೆಗೆ, ಗುಂಡನ ಜೊತೆ

ಪುಣೆಯ ಕೆಲಸ ಖಾತ್ರಿಯಾದ ದಿನ ಮನೆಯಲ್ಲಿ ಎಲ್ಲರೂ ಬಾಡಿಗೆ ಮನೆ, ಮಗಳ ಸ್ಕೂಲು ಅಂತ ಮಾತಾಡುತ್ತಿದ್ದರು. ನನಗೆ ಮಾತ್ರ ಗುಂಡನದೇ ಚಿಂತೆ. ಗುಂಡ ಅಂದರೆ ನಾನು 2017ರಿಂದ ಸಾಕುತ್ತಿರುವ ಬಾಲ್ ಪೈಥಾನ್. ಆಫ್ರಿಕಾ ಮೂಲದ ಸಣ್ಣ ಹೆಬ್ಬಾವು. ನಾಲ್ಕು ಅಡಿ ಉದ್ದ, ಒಂದೂವರೆ ಕೆ.ಜಿ.ಗೆ ಸ್ವಲ್ಪ ಕಡಿಮೆ ತೂಕ. ಹೆದರಿದರೆ ತಲೆಯನ್ನು ಒಳಗಿಟ್ಟು ಉಂಡೆಯಂತೆ ಸುತ್ತಿಕೊಳ್ಳುತ್ತದೆ. ಅದಕ್ಕೇ ಆ ಹೆಸರು.

ಮೈಸೂರಿನ ಕುವೆಂಪುನಗರದಿಂದ ಪುಣೆಗೆ ಸುಮಾರು 900 ಕಿಲೋಮೀಟರ್. ಅಷ್ಟು ದೂರ ಅವನನ್ನು ಜೋಪಾನವಾಗಿ ಸೇರಿಸುವುದು ಹೇಗೆ ಅಂತ ಎರಡು ತಿಂಗಳು ತಲೆ ಕೆಡಿಸಿಕೊಂಡಿದ್ದೇನೆ. ನನ್ನ ಹಾಗೆ ಊರು ಬಿಡಬೇಕಾದವರಿಗೆ ಉಪಯೋಗವಾಗಲಿ ಅಂತ ಬರೆಯುತ್ತಿದ್ದೇನೆ.

ಪಕ್ಕದ ಮನೆಯವರು ಒಂದು ಮಾತು ಹೇಳಿದರು: "ಅಷ್ಟು ಕಷ್ಟ ಯಾಕೆ ಸಾರ್, ಕುಕ್ಕರಹಳ್ಳಿ ಕೆರೆ ಹತ್ರ ಬಿಟ್ಟುಬಿಡಿ, ಬದುಕ್ಕೊಳ್ಳುತ್ತೆ." ಅವರು ಒಳ್ಳೆಯ ಮನಸ್ಸಿನಿಂದಲೇ ಹೇಳಿದ್ದು. ಆದರೆ ಹಾಗೆ ಮಾಡಲೇಬಾರದು. ಪೆಟ್ಟಿಗೆಯಲ್ಲಿ ಬೆಳೆದ ಪ್ರಾಣಿ ಹೊರಗೆ ಹಸಿವಿನಿಂದಲೋ ರೋಗದಿಂದಲೋ ಸಾಯುತ್ತದೆ. ಬದುಕಿದರೆ ಇಲ್ಲಿನ ಜೀವಿಗಳಿಗೆ ಕುತ್ತು. ಅಕ್ವೇರಿಯಂ ಅಂಗಡಿಗಳಲ್ಲಿ ಸಿಗುವ ಕೆಂಪು ಕಿವಿಯ ಆಮೆಯನ್ನು ಜನ ಹೀಗೇ ಕೆರೆಗೆ ಬಿಟ್ಟು ಬಿಟ್ಟು, ಈಗ ಅದು ಪ್ರಪಂಚದ 100 ಅತಿ ಕೆಟ್ಟ ಆಕ್ರಮಣಕಾರಿ ಜೀವಿಗಳ ಪಟ್ಟಿಯಲ್ಲಿದೆ. ಸಾಕಿದ ಮೇಲೆ ಕೊನೆಯ ತನಕ ನಮ್ಮದೇ ಹೊಣೆ, ಅಲ್ವಾ?

ಮೊದಲು ಕಾಗದಪತ್ರದ ವಿಷಯ ಹೇಳಿಬಿಡುತ್ತೇನೆ. ನಮ್ಮ ಕಾಡಿನ ಹಾವು, ನಕ್ಷತ್ರ ಆಮೆ, ಎರಡು ತಲೆ ಹಾವು ಅಂತ ಕರೆಯುವ ಮಣ್ಣುಮುಕ್ಕ, ಇವನ್ನೆಲ್ಲ ಸಾಕುವುದೇ ಅಪರಾಧ. ಸಾಗಿಸುವ ಮಾತೇ ಬರುವುದಿಲ್ಲ. ಬಾಲ್ ಪೈಥಾನ್ ಹೊರದೇಶದ್ದು, ವನ್ಯಜೀವಿಗಳ ವ್ಯಾಪಾರಕ್ಕೆ ಕಡಿವಾಣ ಹಾಕುವ ಅಂತರರಾಷ್ಟ್ರೀಯ ಸೈಟಿಸ್ ಒಪ್ಪಂದದ ಎರಡನೇ ಪಟ್ಟಿಯಲ್ಲಿದೆ. 2020ರ ಜೂನ್‌ನಲ್ಲಿ ಕೇಂದ್ರ ಪರಿಸರ ಸಚಿವಾಲಯ ಇಂಥ ಪ್ರಾಣಿಗಳನ್ನು ಸ್ವಯಂ ಘೋಷಣೆ ಮಾಡಿಕೊಳ್ಳಲು ಆರು ತಿಂಗಳು ಕೊಟ್ಟಿತ್ತು. ಆಗ ಘೋಷಿಸಿದ್ದೆ. 2024ರಲ್ಲಿ ಹೊಸ ನಿಯಮ ಬಂದಾಗ ಅದೇ ಸಚಿವಾಲಯದ ಪರಿವೇಶ್ ಪೋರ್ಟಲ್‌ನಲ್ಲಿ ನೋಂದಣಿ ಮಾಡಿಸಿದೆ. ಊರು ಬದಲಿಸುವ ಮುಂಚೆ ಅರಣ್ಯ ಇಲಾಖೆಗೆ ಒಂದು ಪತ್ರ ಬರೆದು, ಅದರ ಪ್ರತಿಯ ಮೇಲೆ ಸೀಲು ಹಾಕಿಸಿಕೊಂಡೆ. ಪಶುವೈದ್ಯರಿಂದ ಆರೋಗ್ಯ ಪತ್ರ ತೆಗೆದುಕೊಂಡೆ. ಎಲ್ಲದರ ಮೂರು ಮೂರು ಜೆರಾಕ್ಸ್ ಒಂದು ಫೈಲಿನಲ್ಲಿ.

ಆಮೇಲೆ ಸಾಗಿಸುವ ದಾರಿ. ಅಂಚೆಯಲ್ಲಿ ಜೀವಂತ ಹಾವು ಕಳಿಸುವಂತಿಲ್ಲ. ಅಂತರರಾಷ್ಟ್ರೀಯ ಅಂಚೆಯ ನಿಯಮದಲ್ಲಿ ಜೇನುಹುಳು, ಜಿಗಣೆ, ರೇಷ್ಮೆಹುಳುಗಳಿಗೆ ವಿನಾಯಿತಿ ಇದೆ, ಹಾವಿಗಿಲ್ಲ. ಕೊರಿಯರ್‌ನವರು ಆಗಲ್ಲ ಅಂದರು. ವಿಮಾನದ ಕ್ಯಾಬಿನ್‌ನಲ್ಲಿ ಬಿಡುವುದಿಲ್ಲ, ಕಾರ್ಗೋದಲ್ಲೇ ಹೋಗಬೇಕು. ಅದಕ್ಕೆ ವಿಮಾನ ಕಂಪನಿಗಳ ಅಂತರರಾಷ್ಟ್ರೀಯ ಸಂಘ ಐಯಾಟಾದ ನಿಯಮದ ಪ್ರಕಾರ ಪೆಟ್ಟಿಗೆ ಆಗಬೇಕು. ಬೆಂಗಳೂರಿನಿಂದ ಪುಣೆಗೆ ಹಾರಾಟ ಒಂದೂವರೆ ಗಂಟೆ ಅಷ್ಟೇ. ಆದರೆ ಹತ್ತುವ ಮುಂಚೆ, ಇಳಿದ ಮೇಲೆ ಪೆಟ್ಟಿಗೆ ಎಲ್ಲಿ ಕೂತಿರುತ್ತದೆ, ಎಷ್ಟು ಹೊತ್ತು ಕೂತಿರುತ್ತದೆ ಅನ್ನುವುದು ನನ್ನ ಕೈಯಲ್ಲಿ ಇರುವುದಿಲ್ಲ. ಒಬ್ಬರು ಬಸ್ ಪಾರ್ಸೆಲ್‌ನಲ್ಲಿ ಹಾಕಿ, ಯಾರಿಗೂ ಗೊತ್ತಾಗಲ್ಲ ಅಂದರು. ಡಿಕ್ಕಿಯ ಸೆಖೆಯಲ್ಲಿ, ಸೂಟ್‌ಕೇಸ್‌ಗಳ ಕೆಳಗೆ! ಆ ಮಾತು ಕೇಳಿಯೇ ಹೊಟ್ಟೆ ಕಿವುಚಿದಂತಾಯಿತು. ಕಾರಿನಲ್ಲಿ ನಾನೇ ಕರೆದುಕೊಂಡು ಹೋಗುವುದು ಅಂತ ತೀರ್ಮಾನ ಮಾಡಿದೆ.

ಇಂಟರ್ನೆಟ್‌ನಲ್ಲಿ ಸಿಗುವ ಸಲಹೆಗಳು ಜಾಸ್ತಿ ಅಮೆರಿಕದವು. ಅಲ್ಲಿ ಖಾಸಗಿ ಕೊರಿಯರ್‌ನಲ್ಲಿ ಒಂದೇ ರಾತ್ರಿಯಲ್ಲಿ ಹಾವು ತಲುಪಿಸುತ್ತಾರೆ. ಚಳಿಗೆ ಪೆಟ್ಟಿಗೆಯೊಳಗೆ ಬಿಸಿ ಪ್ಯಾಕ್ ಇಡುತ್ತಾರೆ. ನಮ್ಮಲ್ಲಿ ಅದನ್ನು ಕಣ್ಣು ಮುಚ್ಚಿ ಅನುಸರಿಸಿದರೆ ಹಾವು ಬೇಯುತ್ತದೆ. ನಮ್ಮ ಶತ್ರು ಬಿಸಿಲು. ಹಾವಿನ ಮೈ ತಾನಾಗಿ ಶಾಖ ಮಾಡಿಕೊಳ್ಳುವುದಿಲ್ಲ, ಪೆಟ್ಟಿಗೆ ಎಷ್ಟು ಬಿಸಿಯೋ ಮೈಯೂ ಅಷ್ಟೇ ಬಿಸಿ. ಮನೆಯ ಗೂಡಿನಲ್ಲಾದರೆ ಬಿಸಿಯಾದಾಗ ತಂಪಿನ ಕಡೆಗೆ ಸರಿದುಕೊಳ್ಳುತ್ತದೆ. ಚೀಲದೊಳಗೆ ಸರಿಯಲು ಜಾಗವೇ ಇಲ್ಲ. ಪ್ರಯಾಣದಲ್ಲಿ 24ರಿಂದ 29 ಡಿಗ್ರಿ ಒಳ್ಳೆಯದು. ಸ್ವಲ್ಪ ಹೊತ್ತು 20ಕ್ಕೆ ಇಳಿದರೆ ತಡೆದುಕೊಳ್ಳುತ್ತದೆ. 33 ದಾಟಿದರೆ ನಾನು ಒಂದು ನಿಮಿಷವೂ ನಂಬುವುದಿಲ್ಲ.

ಈ ವಿಷಯದಲ್ಲಿ ನನಗೆ ದಾರಿ ತೋರಿಸಿದ್ದು ಪಾಂಡವಪುರದ ಹತ್ತಿರ ಇರುವ ನಮ್ಮ ದೊಡ್ಡಪ್ಪ. ನಲವತ್ತು ವರ್ಷದಿಂದ ರೇಷ್ಮೆ ಬೆಳೆಯುತ್ತಿದ್ದಾರೆ. ಹಾವು ಅಂದರೆ ಮಾರು ದೂರ. ಆದರೆ ಚಾಕಿ ಹುಳು, ಅಂದರೆ ರೇಷ್ಮೆಯ ಮರಿಹುಳು, ತರುವುದು ಅವರಿಗೆ ಕರಗತ. ಎರಡನೇ ಜ್ವರ ಎದ್ದ ಹುಳುಗಳನ್ನು ಟ್ರೇಗಳಲ್ಲಿ, ಬಿಸಿಲೇರುವ ಮುಂಚೆ ಮನೆಗೆ ತರಬೇಕು. ಪೊರೆ ಬಿಡಲು ಹುಳು ಸುಮ್ಮನೆ ಕೂರುವುದಕ್ಕೇ ಜ್ವರ ಅನ್ನುತ್ತಾರೆ. ಒಂದು ಭಾನುವಾರ ಅವರ ಜಗಲಿಯಲ್ಲಿ ಕೂತು ನನ್ನ ಕಷ್ಟ ಹೇಳಿಕೊಂಡೆ.

"ನಿನ್ ಹಾವೂ ಪೊರೆ ಬಿಡ್ತದಲ್ಲಾ ಮಗ?" ಅಂತ ಕೇಳಿದರು.

"ಬಿಡ್ತದೆ ದೊಡ್ಡಪ್ಪ."

"ಹಂಗಾದ್ರೆ ಜ್ವರಕ್ಕೆ ಕುಂತಾಗ ಕದಲಿಸ್ಬೇಡ. ಹೊಟ್ಟೆ ತುಂಬಿರುವಾಗ್ಲೂ ಕದಲಿಸ್ಬೇಡ. ಬಿಸ್ಲು ಹತ್ತೋಕೆ ಮುಂಚೆ ಊರು ಸೇರ್ಕೊ. ಇನ್ನೇನದೆ?"

ನಿಜವಾಗಿ ಇನ್ನೇನೂ ಇರಲಿಲ್ಲ. ನಾನು ಆಮೇಲೆ ಮಾಡಿದ್ದೆಲ್ಲ ಈ ಮೂರು ಮಾತಿನ ವಿಸ್ತರಣೆ.

ಹೊರಡುವ ದಿನ 2025ರ ಫೆಬ್ರುವರಿ 8 ಅಂತ ಇಟ್ಟುಕೊಂಡಿದ್ದೆ. ಜನವರಿ 30ರಂದು ನೋಡಿದರೆ ಗುಂಡನ ಕಣ್ಣು ಮಂಜು ಕಟ್ಟಿದ ಹಾಗೆ ನೀಲಿಯಾಗಿತ್ತು. ಮೈ ಬಣ್ಣ ಮಂಕಾಗಿತ್ತು. ಪೊರೆ ಬರುವ ಲಕ್ಷಣ. ಈ ಹೊತ್ತಿನಲ್ಲಿ ಹಾವಿಗೆ ಕಣ್ಣು ಸರಿಯಾಗಿ ಕಾಣುವುದಿಲ್ಲ, ಗಾಬರಿ ಜಾಸ್ತಿ. ಚೀಲದ ಒಣ ಗಾಳಿಯಲ್ಲಿ ಪೊರೆ ಚೂರು ಚೂರಾಗಿ ಮೈಗೇ ಅಂಟಿಕೊಳ್ಳಬಹುದು. ಪ್ರಯಾಣವನ್ನು ಒಂದು ವಾರ ಮುಂದಕ್ಕೆ ಹಾಕಿದೆ. ಫೆಬ್ರುವರಿ 8ರ ರಾತ್ರಿಯೇ ಪೊರೆ ಬಿಟ್ಟ. ಮೂಗಿನಿಂದ ಬಾಲದ ತುದಿಯವರೆಗೆ ಒಂದೇ ತುಂಡು. ಕಣ್ಣಿನ ಮೇಲಿನ ಎರಡು ಪುಟ್ಟ ಬಿಲ್ಲೆಗಳೂ ಅದರಲ್ಲೇ ಇದ್ದವು. ಬೆಳಕಿಗೆ ಹಿಡಿದು ನೋಡಿ ಖಾತ್ರಿ ಮಾಡಿಕೊಂಡೆ.

ಕೊನೆಯ ಊಟ ಜನವರಿ 26ಕ್ಕೆ, ಒಂದು ಇಲಿ. ಆಮೇಲೆ ಏನೂ ಕೊಡಲಿಲ್ಲ. ತಿಂದ ಇಲಿ ಪೂರ್ತಿ ಅರಗಲು ವಾರ ಹಿಡಿಯುತ್ತದೆ. ಅದಕ್ಕೆ ಮುಂಚೆ ಕುಲುಕಾಡಿಸಿದರೆ ಕಕ್ಕಿಬಿಡುತ್ತದೆ. ಹಾವಿಗೆ ಕಕ್ಕುವುದು ನಮಗೆ ವಾಂತಿಯಾದಷ್ಟು ಹಗುರವಲ್ಲ. ಹೊಟ್ಟೆಯ ಆಮ್ಲ ಗಂಟಲನ್ನು ಸುಡುತ್ತದೆ, ಸುಧಾರಿಸಿಕೊಳ್ಳಲು ವಾರಗಟ್ಟಲೆ ಬೇಕು. ಮಲ ಮಾಡಿದ ಮೇಲೆಯೇ ಹೊಟ್ಟೆ ಖಾಲಿ ಅಂತ ಲೆಕ್ಕ. ಹಸಿದಿರುತ್ತದಲ್ಲ ಪಾಪ ಅಂತ ಮಗಳು ಅತ್ತಳು. ಬೆಳೆದ ಬಾಲ್ ಪೈಥಾನ್ ತಾನಾಗಿಯೇ ತಿಂಗಳುಗಟ್ಟಲೆ ಉಪವಾಸ ಇರುವುದುಂಟು ಅಂತ ಸಮಾಧಾನ ಹೇಳಿದೆ. ನೀರು ಮಾತ್ರ ಹೊರಡುವ ರಾತ್ರಿಯವರೆಗೂ ಇಟ್ಟಿದ್ದೆ.

ಈಗ ಪೆಟ್ಟಿಗೆ. ಮೀನು ಬರುವ ಥರ್ಮೋಕೋಲ್ ಡಬ್ಬ ಒಂದನ್ನು ತೊಳೆದು ಒಣಗಿಸಿ, ಗಟ್ಟಿ ರಟ್ಟಿನ ಡಬ್ಬದೊಳಗೆ ಕೂರಿಸಿದೆ. ಎರಡು ಬದಿಗೆ ಆರಾರು ತೂತು. ತೂತನ್ನು ಒಳಗಿನಿಂದ ಹೊರಗೆ ಚುಚ್ಚಬೇಕು, ಚೂಪು ಅಂಚು ಒಳಗಡೆ ಉಳಿಯಬಾರದು. ಹಾವಿಗೆ ಹತ್ತಿಯ ದಿಂಬಿನ ಕವರ್. ಅದನ್ನು ಒಳ ಹೊರಗು ಮಾಡಿದೆ, ಹೊಲಿಗೆಯ ಸಡಿಲ ದಾರ ಹಾವಿಗೆ ಸುತ್ತಿಕೊಳ್ಳಬಾರದು ಅಂತ. ಗಂಟು ಹಾಕುವ ಮುಂಚೆ ಚೀಲದ ಬಾಯಿಯನ್ನು ಬೆರಳುಗಳ ನಡುವೆ ಹಿಂಡುತ್ತಾ ಕೆಳಗೆ ಬಂದೆ. ಹಾವಿನ ಮೈ ಕೈಗೆ ತಾಗಿ, ಅದು ತಳಕ್ಕೆ ಸರಿಯಿತು. ಆಮೇಲೆ ಗಂಟು, ಗಂಟಿನ ಮೇಲೆ ಒಂದು ಪ್ಲಾಸ್ಟಿಕ್ ಟೈ. ಈ ಚೀಲ ಇನ್ನೊಂದು ಚೀಲದೊಳಗೆ. ಸುತ್ತಲೂ ಉಂಡೆ ಮಾಡಿದ ಪೇಪರ್, ತಿರುವಿನಲ್ಲಿ ಜಾರದಂತೆ. ಅಕ್ವೇರಿಯಂ ಅಂಗಡಿಯ ವೈರ್ ಇರುವ ಡಿಜಿಟಲ್ ಥರ್ಮಾಮೀಟರ್‌ನ ತುದಿ ಚೀಲದ ಪಕ್ಕ, ಅಂಕಿ ಕಾಣುವ ಭಾಗ ಹೊರಗೆ. ಈ ಪುಟ್ಟ ಥರ್ಮಾಮೀಟರ್ ಇಲ್ಲದೆ ಯಾರೂ ಹೊರಡಬೇಡಿ ಅಂತ ಕೈ ಮುಗಿದು ಕೇಳುತ್ತೇನೆ. ಅದು ಎಷ್ಟು ಮುಖ್ಯ ಅಂತ ನನಗೆ ಗೊತ್ತಾಗಿದ್ದು ರಿಹರ್ಸಲ್‌ನಲ್ಲಿ.

ಹೌದು, ರಿಹರ್ಸಲ್ ಮಾಡಿದೆ. ಹಾವಿನ ಬದಲು ನೀರು ತುಂಬಿದ ಬಾಟಲ್ ಒಂದನ್ನು ಪೆಟ್ಟಿಗೆಯಲ್ಲಿಟ್ಟು ಮಂಡ್ಯಕ್ಕೆ ಹೋಗಿ ಬಂದೆ. ಹೋಗುವಾಗ ಒಳಗೆ 26 ಡಿಗ್ರಿ. ಮಂಡ್ಯದಲ್ಲಿ ತಿಂಡಿಗೆ ನಿಲ್ಲಿಸಿದಾಗ ಹತ್ತೂವರೆ. ಮರದ ನೆರಳು ನೋಡಿಯೇ ಕಾರು ನಿಲ್ಲಿಸಿದ್ದೆ. ಇಡ್ಲಿ ತಿಂದು, ಕಾಫಿ ಕುಡಿದು, ಪರಿಚಯದವರ ಹತ್ತಿರ ಎರಡು ಮಾತಾಡಿ ಬರುವಷ್ಟರಲ್ಲಿ ಮುಕ್ಕಾಲು ಗಂಟೆಯಾಗಿತ್ತು. ನೆರಳು ಸರಿದು ಹೋಗಿತ್ತು. ಸೀಟು ಮುಟ್ಟಿದರೆ ಸುಡುತ್ತಿತ್ತು. ಥರ್ಮಾಮೀಟರ್ 34 ತೋರಿಸುತ್ತಿತ್ತು, ಇನ್ನೂ ಏರುತ್ತಿತ್ತು. ಒಳಗೆ ಇದ್ದಿದ್ದು ಬಾಟಲ್. ಗುಂಡ ಇದ್ದಿದ್ದರೆ? ಅಲ್ಲೇ ಕಾರಿನ ಬಾಗಿಲು ಹಿಡಿದು ಸ್ವಲ್ಪ ಹೊತ್ತು ನಿಂತುಬಿಟ್ಟೆ. ಪ್ರಯಾಣದಲ್ಲಿ ಕಾರನ್ನು ಒಂದು ಗಳಿಗೆಯೂ ಖಾಲಿ ಬಿಡುವುದಿಲ್ಲ ಅಂತ ಅವತ್ತೇ ನಿರ್ಧರಿಸಿದೆ. ಹಿಂದಿನ ಸೀಟಿಗೆ ಬರುವ ಎಸಿ ಗಾಳಿ ನೇರ ಪೆಟ್ಟಿಗೆಗೇ ಹೊಡೆಯುತ್ತಿದ್ದುದೂ ಅವತ್ತೇ ಗೊತ್ತಾಯಿತು. ಆ ಕಿಂಡಿ ಮುಚ್ಚಿದೆ.

ಫೆಬ್ರುವರಿ 15, ಶನಿವಾರ. ಅಡುಗೆ ಮನೆಯ ತಕ್ಕಡಿಯಲ್ಲಿ ತೂಗಿದಾಗ ಗುಂಡ 1,462 ಗ್ರಾಂ ಇದ್ದ. ಬೆಳಗಿನ ಜಾವ ನಾಲ್ಕಕ್ಕೆ ಹೊರಟೆವು. ಜೊತೆಗೆ ಭಾವಮೈದ. ಪೆಟ್ಟಿಗೆ ಹಿಂದಿನ ಸೀಟಿನಲ್ಲಿ, ಸೀಟ್ ಬೆಲ್ಟ್ ಹಾಕಿ. ಶ್ರೀರಂಗಪಟ್ಟಣ, ನಾಗಮಂಗಲ, ಚಿಕ್ಕನಾಯಕನಹಳ್ಳಿ, ಹುಳಿಯಾರು, ಹಿರಿಯೂರು. ಅಲ್ಲಿಂದ ದೊಡ್ಡ ಹೆದ್ದಾರಿ. ಒಂದೇ ಏಟಿಗೆ ಪುಣೆ ಸೇರುವ ಆಸೆ ಇತ್ತು. ಆದರೆ ಮಧ್ಯಾಹ್ನದ ಬಿಸಿಲಲ್ಲಿ, ನಿದ್ದೆಗಣ್ಣಲ್ಲಿ ಓಡಿಸುವುದು ಹಾವಿಗೂ ನಮಗೂ ಒಳ್ಳೆಯದಲ್ಲ. ಮಧ್ಯಾಹ್ನದ ಹೊತ್ತಿಗೆ ಧಾರವಾಡದಲ್ಲಿ ಅಕ್ಕನ ಮನೆ ಸೇರಿದೆವು. ಅಕ್ಕ ಒಂದು ಕೋಣೆ ಖಾಲಿ ಮಾಡಿ, ಕಿಟಕಿಗೆ ಬೆಡ್‌ಶೀಟ್ ಕಟ್ಟಿ ಕತ್ತಲು ಮಾಡಿಟ್ಟಿದ್ದಳು. ಬೀಗ ಹಾಕುವ ಪ್ಲಾಸ್ಟಿಕ್ ಡಬ್ಬಕ್ಕೆ ಗುಂಡನನ್ನು ಬಿಟ್ಟು ನೀರಿಟ್ಟೆ. ಹತ್ತು ನಿಮಿಷ ಉಂಡೆಯಾಗಿಯೇ ಇದ್ದ. ಆಮೇಲೆ ತಲೆ ಹೊರಗೆ ಹಾಕಿ ನೀರಿಗೆ ಮೂತಿ ಇಟ್ಟ. ಕುಡಿಯುವಾಗ ಗಲ್ಲ ಸಣ್ಣಗೆ ಮೇಲೆ ಕೆಳಗೆ ಆಡುತ್ತದೆ. ಅದನ್ನು ನೋಡಿದ ಮೇಲೆ ನನಗೂ ಊಟ ಸೇರಿತು.

ಮರುದಿನ ಮತ್ತೆ ನಾಲ್ಕಕ್ಕೆ. ನಿಪ್ಪಾಣಿ ದಾಟಿದ ಮೇಲೆ ಪೊಲೀಸರು ಕಾರು ನಿಲ್ಲಿಸಿದರು. ಡಬ್ಬದ ಮೇಲೆ ಜೀವಂತ ಪ್ರಾಣಿ ಇದೆ, ಈ ಬದಿ ಮೇಲೆ ಅಂತ ದೊಡ್ಡದಾಗಿ ಬರೆದಿದ್ದೆ. ಏನು ಅಂತ ಕೇಳಿದರು. ಮುಚ್ಚಿಡದೆ ಹೇಳಿ ಫೈಲು ಕೊಟ್ಟೆ. ನೋಂದಣಿ ಪತ್ರ ನೋಡಿ, ತೆಗೆದು ತೋರಿಸಿ ಅನ್ನಲೂ ಇಲ್ಲ, ಹೋಗಿ ಅಂದರು. ಸುಳ್ಳು ಹೇಳಿದ್ದರೆ ಅರ್ಧ ದಿನ ಬಿಸಿಲಲ್ಲಿ ಅಲ್ಲೇ ನಿಲ್ಲಬೇಕಾಗುತ್ತಿತ್ತು. ಸಾತಾರಾ ಹತ್ತಿರ ಬಿಸಿಲೇರಿ ಪೆಟ್ಟಿಗೆ 29ಕ್ಕೆ ಬಂತು. ಎಸಿ ಒಂದು ಹಂತ ಜಾಸ್ತಿ ಮಾಡಿದೆವು, ಇಳಿಯಿತು. ಐಸ್ ಪ್ಯಾಕ್ ಪೇಪರ್ ಸುತ್ತಿ ಜೊತೆಗಿಟ್ಟುಕೊಂಡಿದ್ದೆ, ಬೇಕಾಗಲಿಲ್ಲ. ಹನ್ನೆರಡೂವರೆಗೆ ಪುಣೆ.

ಹೊಸ ಮನೆಯಲ್ಲಿ ಅವನ ಗೂಡನ್ನು ಮೂರು ದಿನ ಮುಂಚೆಯೇ ಹೆಂಡತಿ ಜೋಡಿಸಿ, ಹೀಟ್ ಮ್ಯಾಟ್ ಹಾಕಿಟ್ಟಿದ್ದಳು. ಒಂದು ಕಡೆ 32, ಇನ್ನೊಂದು ಕಡೆ 26. ತೂಕ ನೋಡಿದೆ, 1,448. ಹದಿನಾಲ್ಕು ಗ್ರಾಂ ಇಳಿದಿತ್ತು, ಅದೇನೂ ದೊಡ್ಡದಲ್ಲ. ಬಾಯಿ ಸ್ವಚ್ಛ, ಉಸಿರಿನಲ್ಲಿ ಗೊರಗೊರ ಇಲ್ಲ. ಬಚ್ಚಿಟ್ಟುಕೊಳ್ಳುವ ಡಬ್ಬದೊಳಗೆ ಬಿಟ್ಟು ಬಾಗಿಲು ಮುಚ್ಚಿ, ಸೋಪು ಹಾಕಿ ಕೈ ತೊಳೆದೆ. ಸರೀಸೃಪಗಳ ಮೈಯಲ್ಲಿ ಹೊಟ್ಟೆ ಕೆಡಿಸುವ ಸಾಲ್ಮೊನೆಲ್ಲಾ ಅನ್ನುವ ಬ್ಯಾಕ್ಟೀರಿಯಾ ಇರಬಹುದು, ಪ್ರಯಾಣದ ಗಡಿಬಿಡಿಯಲ್ಲಿ ಇದನ್ನು ಮರೆಯಬೇಡಿ. ಒಂದು ವಾರ ಯಾರೂ ಮುಟ್ಟಲಿಲ್ಲ. ನೀರು ಬದಲಿಸುವುದು ಮಾತ್ರ.

ಆಮೆ ಇರುವವರಿಗೆ ಒಂದು ಮಾತು. ನೀರಿನ ಆಮೆ ಅಂತ ಬಕೆಟ್‌ನಲ್ಲಿ ನೀರು ತುಂಬಿ ಒಯ್ಯಬೇಡಿ. ನೀರು ಕುಲುಕಿ ಅದು ಗೋಡೆಗೆ ಬಡಿದುಕೊಳ್ಳುತ್ತದೆ, ಮಗುಚಿದರೆ ಮುಳುಗಲೂಬಹುದು. ಒದ್ದೆ ಟವಲ್ ಹಾಸಿದ ಡಬ್ಬ ಸಾಕು. ಇಗ್ವಾನಾ ಅನ್ನುವ ದೊಡ್ಡ ಹಲ್ಲಿ ಆದರೆ ಬಾಲ ಹಿಡಿಯಬೇಡಿ, ಕಳಚಿಕೊಂಡುಬಿಡುತ್ತದೆ.

ಎಂಟನೇ ದಿನ ಇಲಿ ಕೊಟ್ಟೆ, ಮುಟ್ಟಲಿಲ್ಲ. ತೆಗೆದುಬಿಟ್ಟೆ, ಒತ್ತಾಯ ಮಾಡಲಿಲ್ಲ. ಫೆಬ್ರುವರಿ 28ರ ರಾತ್ರಿ ಇನ್ನೊಂದು ಸಣ್ಣ ಇಲಿ ಇಟ್ಟು ದೀಪ ಆರಿಸಿ ಬಂದೆ. ಬೆಳಿಗ್ಗೆ ಇರಲಿಲ್ಲ. ಹಲ್ಲು ಉಜ್ಜುವ ಮುಂಚೆಯೇ ಪಾಂಡವಪುರಕ್ಕೆ ಫೋನ್ ಮಾಡಿದೆ.

"ಮೇವು ಮುಟ್ತಾ?" ಅಂತ ಆ ಕಡೆಯಿಂದ ದೊಡ್ಡಪ್ಪನೇ ಮೊದಲು ಕೇಳಿದರು.

"ಮುಟ್ತು ದೊಡ್ಡಪ್ಪ."