ಅವಧಿಪೂರ್ವ ವರ್ಗಾವಣೆ ರದ್ದಾದ ಬಗೆ: ನನ್ನ ಅನುಭವ

ರಾಯಚೂರು ಜಿಲ್ಲೆಯ ಸರ್ಕಾರಿ ಆಸ್ಪತ್ರೆಯೊಂದರಲ್ಲಿ ವೈದ್ಯನಾಗಿದ್ದ ನನ್ನನ್ನು, ಕನಿಷ್ಠ ಸೇವಾವಧಿ ಮುಗಿಯುವ ಮುನ್ನವೇ ‘ಸಾರ್ವಜನಿಕ ಹಿತದೃಷ್ಟಿಯಿಂದ’ ಎಂಬ ಒಂದೇ ಸಾಲಿನ ಕಾರಣ ನೀಡಿ ವರ್ಗಾಯಿಸಿದಾಗ, ಹಲವರು ನೇರವಾಗಿ ಹೈಕೋರ್ಟಿಗೆ ಹೋಗುವಂತೆ ಹೇಳಿದರು. ಆದರೆ ರಾಜ್ಯ ಸರ್ಕಾರಿ ನೌಕರರ ಸೇವಾ ವ್ಯಾಜ್ಯ ಮೊದಲು ಕರ್ನಾಟಕ ರಾಜ್ಯ ಆಡಳಿತ ನ್ಯಾಯಮಂಡಳಿಗೇ (ಕೆಎಟಿ) ಹೋಗಬೇಕು, ಸುಪ್ರೀಂ ಕೋರ್ಟಿನ 1997ರ ಎಲ್. ಚಂದ್ರಕುಮಾರ್ ತೀರ್ಪಿನ ನಂತರ ಅದರಲ್ಲಿ ಸಂಶಯವಿಲ್ಲ.

ಇಲಾಖೆಗೆ ಮನವಿ ಕೊಟ್ಟು, ಪ್ರತಿಯ ಮೇಲೆ ಸ್ವೀಕೃತಿ ಮೊಹರು ಹಾಕಿಸಿಕೊಂಡು, ಕೆಎಟಿಯ ಕಲಬುರಗಿ ಪೀಠದಲ್ಲಿ ಅರ್ಜಿ ಸಲ್ಲಿಸಿದೆ. ವರ್ಗಾವಣೆಯು ಸೇವೆಯ ಸಹಜ ಭಾಗವೆಂದೇ ನ್ಯಾಯಾಲಯಗಳು ನೋಡುವುದರಿಂದ, ಮನೆಯ ತಾಪತ್ರಯಗಳನ್ನು ಬದಿಗಿಟ್ಟು (ಅವು ಅಲ್ಲಿ ಹೆಚ್ಚು ನಿಲ್ಲುವುದಿಲ್ಲ), ವೈದ್ಯಾಧಿಕಾರಿಗಳ ವರ್ಗಾವಣೆ ನಿಯಂತ್ರಣಕ್ಕೆಂದೇ ಇರುವ 2011ರ ಕಾಯ್ದೆಯ ಉಲ್ಲಂಘನೆಯನ್ನಷ್ಟೇ ನಮ್ಮ ವಕೀಲರು ವಾದಿಸಿದರು. ನನ್ನ ಜಾಗಕ್ಕೆ ನಿಯೋಜಿತರಾದ ವೈದ್ಯರನ್ನೂ ಪ್ರತಿವಾದಿಯಾಗಿಸಿದ್ದೆವು. ಅವರು ಪ್ರಭಾರ ವಹಿಸಿಕೊಳ್ಳುವ ಮುನ್ನವೇ ತಡೆಯಾಜ್ಞೆ ಸಿಕ್ಕಿತು. ಅಂತಿಮವಾಗಿ ವರ್ಗಾವಣೆ ಆದೇಶವೇ ರದ್ದಾಯಿತು.