ಹಳೇಬೀಡಿನ ಗೋಡೆಯನ್ನು ಮೂಕಿಚಿತ್ರದಲ್ಲಿ ಹಿಡಿದ ಬಗೆ

ಮಾತಿಲ್ಲದ ಚಿತ್ರದಲ್ಲಿ ದೇವಾಲಯವನ್ನು ತೋರಿಸಲು ಹೊರಟವರಿಗೆ ಮೊದಲು ಎದುರಾಗುವ ತೊಡಕೆಂದರೆ ಕಲ್ಲು ಅಲುಗಾಡುವುದಿಲ್ಲ ಎಂಬುದು. 1896ರಲ್ಲಿ, ಸಿನಿಮಾದ ಮೊದಲಿಗರಲ್ಲಿ ಸೇರಿದ ಫ್ರಾನ್ಸಿನ ಲೂಮಿಯೇರ್ ಸಹೋದರರ ಛಾಯಾಗ್ರಾಹಕ ಅಲೆಕ್ಸಾಂಡ್ರ್ ಪ್ರೊಮಿಯೊ ವೆನಿಸ್‌ನಲ್ಲಿ ಕ್ಯಾಮೆರಾವನ್ನು ದೋಣಿಯಲ್ಲಿಟ್ಟು, ದಡದ ಕಟ್ಟಡಗಳೇ ಸರಿದುಹೋಗುವಂತೆ ತೋರಿಸಿದ. ಹೊಯ್ಸಳೇಶ್ವರ ದೇವಾಲಯವನ್ನು ಆ ಕಾಲದ ರೀತಿಯಲ್ಲೇ ಚಿತ್ರಿಸಬೇಕೆಂದುಕೊಂಡಾಗ ನನ್ನ ಮನಸ್ಸಿಗೂ ಮೊದಲು ಬಂದದ್ದು ಅದೇ ಉಪಾಯ. ಆದರೆ ಮೂಕಿಯುಗದಂತೆ ಸೆಕೆಂಡಿಗೆ 16 ಫ್ರೇಮ್‌ಗಳ (ಬಿಡಿ ಚಿತ್ರಗಳ) ವೇಗದಲ್ಲಿ, ತಳಪಟ್ಟಿಕೆಯ ಆನೆಗಳ ಸಾಲಿನುದ್ದಕ್ಕೂ ಕ್ಯಾಮೆರಾವನ್ನು ಸರಿಸಿದರೆ ತೆರೆಯ ಮೇಲೆ ಒಂದೊಂದು ಆನೆಯೂ ಕುಪ್ಪಳಿಸುತ್ತದೆ. ಆದ್ದರಿಂದ ಕ್ಯಾಮೆರಾವನ್ನು ನಿಲ್ಲಿಸಿ, ಚಲನೆಯ ಹೊಣೆಯನ್ನು ಬಿಸಿಲಿಗೇ ಬಿಟ್ಟೆ.

ಪಶ್ಚಿಮದ ಗೋಡೆಗೆ ಸಂಜೆಯ ಹೊಂಬಿಸಿಲು ಬರಲೆಂದು ಕಾಯುವುದು ಬಹುಜನರ ರೂಢಿ. ಆಗ ಸೂರ್ಯ ನೇರ ಎದುರಿಗೆ ಬಂದು ಕೆತ್ತನೆಯ ಆಳವೆಲ್ಲ ಚಪ್ಪಟೆಯಾಗುತ್ತದೆ; ಕಪ್ಪು-ಬಿಳುಪು ಫಿಲ್ಮಿಗೆ ಹೊಂಬಣ್ಣದಿಂದ ಆಗಬೇಕಾದದ್ದಾದರೂ ಏನು? ಚಳಿಗಾಲದಲ್ಲಿ ಸೂರ್ಯ ದಕ್ಷಿಣಕ್ಕೆ ವಾಲಿರುವುದರಿಂದ, ಮಧ್ಯಾಹ್ನ ತಿರುಗಿದ ಕೂಡಲೇ ಬಿಸಿಲು ಗೋಡೆಯನ್ನು ಓರೆಯಾಗಿ ಸವರತೊಡಗುತ್ತದೆ. ಒಳಸರಿದು ಹೊರಚಾಚುವ ಆ ಗೋಡೆಯ ಒಂದು ಮುಖ ಬೆಳಗುವಾಗ ಪಕ್ಕದ್ದು ಇನ್ನೂ ಕತ್ತಲಲ್ಲಿರುತ್ತದೆ, ಬಳಪದ ಕಲ್ಲಿನ ಕೊರೆತದ ಒಂದೊಂದು ಗೆರೆಯೂ ಎದ್ದು ನಿಲ್ಲುತ್ತದೆ.

ಕೀಲಿ ಕೊಟ್ಟು ಓಡಿಸುವ 16 ಮಿ.ಮೀ. ಬೋಲೆಕ್ಸ್ ಕ್ಯಾಮೆರಾದಲ್ಲಿ ಒಂದೊಂದೇ ಫ್ರೇಮ್ ತೆಗೆಯುವ ಅನುಕೂಲವಿದೆ. ಅನುಮತಿ ಪಡೆದು ಟ್ರೈಪಾಡ್ ಊರಿ, 10 ಸೆಕೆಂಡಿಗೊಂದು ಫ್ರೇಮಿನಂತೆ ತೆಗೆಯುತ್ತ ಹೋದೆ. ಒಂದು ಗಂಟೆಗೆ ಸಿಗುವ 360 ಫ್ರೇಮ್‌ಗಳು ತೆರೆಯ ಮೇಲೆ 22.5 ಸೆಕೆಂಡು ಬಾಳುತ್ತವೆ. ಅಷ್ಟರಲ್ಲಿ ನೆರಳು ಆನೆಗಳ ಮೈಮೇಲೆ ಸರಿಯುತ್ತ ಹೋಗುತ್ತದೆ.

ಮೂಕಿಯುಗದ ಆರ್ಥೋಕ್ರೊಮ್ಯಾಟಿಕ್ ಫಿಲ್ಮಿಗೆ ಕೆಂಪು ಕಾಣುತ್ತಿರಲಿಲ್ಲ, ನೀಲಿ ಅತಿಯಾಗಿ ಕಾಣುತ್ತಿತ್ತು. ಆ ಗುಣ ಬರಲೆಂದು ಇಂದಿನ ಫಿಲ್ಮಿಗೆ ಹಸಿರು-ನೀಲಿ ಫಿಲ್ಟರ್ ಹಾಕಿದೆ. ಕುಂಕುಮ ಕಪ್ಪಾಯಿತು, ಆಕಾಶ ಬರಿಯ ಬಿಳಿಯಾಯಿತು. ಶಿಖರಗಳಿಲ್ಲದ ಈ ದೇವಾಲಯದ ಸಮತಟ್ಟಾದ ಮಾಡಿನ ಅಂಚು ಆ ಬಿಳುಪಿನ ಎದುರು ಇನ್ನಷ್ಟು ಖಚಿತವಾಗಿ ಮೂಡಿತು.

ಗೋಡೆಯ ಎತ್ತರವನ್ನು ಹೇಳಲು ದನಿಯಿಲ್ಲದ ಕಾರಣ, ದೇವಾಲಯ ನಿಂತಿರುವ ಎತ್ತರದ ಕಟ್ಟೆಯಾದ ಜಗತಿಯ ಮೇಲೆ ಒಬ್ಬರು ನಡೆದುಹೋಗುವ ದೃಶ್ಯವನ್ನು ಮಾಮೂಲಿ ವೇಗದಲ್ಲೇ ತೆಗೆದು ಸೇರಿಸಿದೆ. ಬರಹದ ಫಲಕಗಳನ್ನು ಆದಷ್ಟು ಕಡಿಮೆ ಮಾಡಿ, ಪ್ರತಿಯೊಂದನ್ನೂ ಎರಡು ಸಲ ಓದಿಕೊಳ್ಳುವಷ್ಟು ಹೊತ್ತು ಇರಿಸಿದೆ. ಫಿಲ್ಮನ್ನು ಸ್ಕ್ಯಾನ್ ಮಾಡುವವರಿಗೆ 16 ಫ್ರೇಮ್‌ಗಳ ವೇಗವನ್ನು ಬರೆದುಕೊಡುವುದು ಕಡ್ಡಾಯ. ಇಂದಿನ ರೂಢಿಯಂತೆ ಸೆಕೆಂಡಿಗೆ 24 ಫ್ರೇಮ್‌ಗಳಲ್ಲಿ ಓಡಿಸಿದರೆ ಜಗತಿಯ ಮೇಲಿನ ಮನುಷ್ಯ ಬಸ್ಸು ಹಿಡಿಯಲು ಹೊರಟವನಂತೆ ಕಾಣುತ್ತಾನೆ.